ತಕ್ಕಡಿ ಯಾರ ಕೈಯಲ್ಲಿರಬೇಕು?

ದೊಡ್ಡ ಉದ್ಯಮಗಳ ಮೇಲೆ ಸರ್ಕಾರದ ಹಿಡಿತ ಎಷ್ಟಿರಬೇಕೆಂಬ ಪ್ರಶ್ನೆ ಎದ್ದಾಗಲೆಲ್ಲ ವಾದವು ಎರಡೇ ದಾರಿಗಳಲ್ಲಿ ಸಾಗುವುದು ರೂಢಿಯಾಗಿದೆ. ಸರ್ಕಾರ ಕೈ ತೆಗೆದರೆ ಬಂಡವಾಳ ಬರುತ್ತದೆ, ಬಂಡವಾಳ ಬಂದರೆ ಉದ್ಯೋಗ ಹೆಚ್ಚುತ್ತದೆ, ನಿಯಮಗಳೆಲ್ಲ ಬೆಳವಣಿಗೆಯ ಕಾಲಿಗೆ ತೊಡಿಸಿದ ಸಂಕೋಲೆಗಳು ಎಂಬುದು ಒಂದು ಪಕ್ಷ. ಲಾಭವೆಂಬುದೇ ಪರರ ಪಾಲನ್ನು ಕಸಿದುಕೊಂಡದ್ದು, ಆದ್ದರಿಂದ ಉದ್ಯಮಿಯನ್ನು ಎಷ್ಟು ಕಟ್ಟಿಹಾಕಿದರೂ ಕಡಿಮೆಯೇ ಎಂಬುದು ಇನ್ನೊಂದು ಪಕ್ಷ. ಪರಸ್ಪರ ವಿರುದ್ಧವಾಗಿ ಕಾಣುವ ಈ ಎರಡು ಪಕ್ಷಗಳೂ ಒಂದು ತಪ್ಪನ್ನು ಸಮಾನವಾಗಿ ಮಾಡುತ್ತವೆ. ನಿಯಂತ್ರಣವೆಂಬುದು ಒಂದೇ ವಸ್ತು, ಅದನ್ನು ಹೆಚ್ಚಿಸಬೇಕೋ ತಗ್ಗಿಸಬೇಕೋ ಎಂಬುದಷ್ಟೇ ಚರ್ಚೆಯ ವಿಷಯ ಎಂದು ಅವು ಭಾವಿಸುತ್ತವೆ.

ವಾಸ್ತವದಲ್ಲಿ ನಿಯಂತ್ರಣದಲ್ಲಿ ಎರಡು ಬಗೆಗಳಿವೆ. ತೂಕ, ಗುಣ, ಗಡುವು, ಲೆಕ್ಕ ಇವುಗಳು ಸರಿಯಾಗಿರುವಂತೆ ನೋಡಿಕೊಳ್ಳುವ, ಅಂದರೆ ಅಳತೆಯನ್ನು ಕಾಯುವ ನಿಯಂತ್ರಣ ಮೊದಲನೆಯದು. ಯಾರು ಕಾರ್ಖಾನೆ ಕಟ್ಟಬೇಕು, ಎಲ್ಲಿ ಕಟ್ಟಬೇಕು, ತಯಾರಾದ ಸರಕನ್ನು ಎಂದು ಮಾರಬೇಕು, ಯಾರಿಗೆ ಮಾರಬಾರದು ಎಂದು ವಿಧಿಸುವ, ಅಂದರೆ ವ್ಯಾಪಾರಿಯ ಕೈಯನ್ನು ಹಿಡಿಯುವ ನಿಯಂತ್ರಣ ಎರಡನೆಯದು. ಎರಡನೆಯದರಲ್ಲಿ ಆಡಳಿತಕ್ಕೆ ಅತ್ಯುತ್ಸಾಹ. ಮೊದಲನೆಯದರಲ್ಲಿ ಅಕ್ಷಮ್ಯವಾದ ಆಲಸ್ಯ. ಬೆಳವಣಿಗೆಗೂ ನ್ಯಾಯಕ್ಕೂ ವೈರವಿದೆಯೆಂಬ ಭ್ರಮೆ ಹುಟ್ಟಿದ್ದು ಈ ತಲೆಕೆಳಗಾದ ಕ್ರಮದಿಂದ. ಇದಕ್ಕೆ ದೂರದ ಉದಾಹರಣೆ ಬೇಕಿಲ್ಲ. ಬೀದರ್ ಜಿಲ್ಲೆಯ ಕಬ್ಬು ಮತ್ತು ಸಕ್ಕರೆಯ ವ್ಯವಹಾರವೇ ಸಾಕು.

ಕೊಡಂಬಲದ ಸೀಮೆ ಮತ್ತು ಕಬ್ಬಿನ ಸ್ವಭಾವ

ಹುಮನಾಬಾದ್, ಚಿಟಗುಪ್ಪ, ಬಸವಕಲ್ಯಾಣ, ಭಾಲ್ಕಿಗಳ ಸೀಮೆ ಮೂಲತಃ ಒಣಬೇಸಾಯದ್ದು. ಕೊಡಂಬಲದಂಥ ಊರುಗಳ ಹೊಲಗಳಲ್ಲಿ ತೊಗರಿ, ಜೋಳ, ಹೆಸರು, ಉದ್ದು, ಈಚಿನ ದಶಕಗಳಲ್ಲಿ ಸೋಯಾ ಅವರೆ ಬೆಳೆಯುತ್ತಾರೆ. ಬಾವಿಯೋ ಕೊಳವೆಬಾವಿಯೋ ಕಾಲುವೆಯ ನೀರೋ ದೊರೆತವರು ಕಬ್ಬು ನೆಡುತ್ತಾರೆ. ಇಲ್ಲಿ ಉದ್ಯಮ ಬೇಡವೆನ್ನುವವರು ಯಾರೂ ಇಲ್ಲ. ದುಡಿಮೆಗಾಗಿ ಹೈದರಾಬಾದಿಗೆ, ಪುಣೆಗೆ, ಮುಂಬಯಿಗೆ ಹೋಗುವ ಕುಟುಂಬಗಳು ಪ್ರತಿ ಊರಿನಲ್ಲಿಯೂ ಇವೆ. ಹಳ್ಳಿಖೇಡ (ಬಿ) ಬಳಿಯ ಬೀದರ್ ಸಹಕಾರ ಸಕ್ಕರೆ ಕಾರ್ಖಾನೆ, ನಾರಂಜಾ ಮತ್ತು ಮಹಾತ್ಮಾ ಗಾಂಧಿ ಹೆಸರಿನ ಸಹಕಾರಿ ಕಾರ್ಖಾನೆಗಳು, ಅನಂತರ ಬಂದ ಖಾಸಗಿ ಕಾರ್ಖಾನೆಗಳು, ಇವೆಲ್ಲ ಈ ಜಿಲ್ಲೆಯ ಜನರ ಆಸೆಯ ಕುರುಹುಗಳು. ಆದ್ದರಿಂದ ಕಾರ್ಖಾನೆ ಬದುಕಬೇಕೋ ರೈತ ಬದುಕಬೇಕೋ ಎಂಬ ಪ್ರಶ್ನೆಯೇ ಇಲ್ಲಿ ಅಪ್ರಸ್ತುತ. ಒಂದು ಇಲ್ಲದೆ ಇನ್ನೊಂದಿಲ್ಲ.

ಕಬ್ಬಿನ ಸ್ವಭಾವವನ್ನು ಮೊದಲು ಗಮನಿಸಬೇಕು. ತೊಗರಿಯನ್ನು ರೈತ ಚೀಲದಲ್ಲಿ ತುಂಬಿ ಮನೆಯಲ್ಲಿಟ್ಟುಕೊಂಡು ಬೆಲೆ ಏರುವವರೆಗೆ ಕಾಯಬಲ್ಲ. ಇಂದಿನ ಪೇಟೆ ಸರಿಬರದಿದ್ದರೆ ಮುಂದಿನ ವಾರ ಬೇರೊಂದು ಪೇಟೆಗೆ ಒಯ್ಯಬಲ್ಲ. ಕಬ್ಬಿಗೆ ಆ ಸೌಕರ್ಯವಿಲ್ಲ. ಕಡಿದ ಕ್ಷಣದಿಂದ ಅದರ ತೂಕವೂ ಇಳಿಯುತ್ತದೆ, ಸಕ್ಕರೆಯ ಅಂಶವೂ ಇಳಿಯುತ್ತದೆ. ಒಂದೆರಡು ದಿನಗಳಲ್ಲಿ ನುರಿಯದಿದ್ದರೆ ಅದು ನಷ್ಟದ ಸರಕು. ಹೊಲದಲ್ಲಿಯೇ ಬಿಟ್ಟರೆ ಒಣಗಿ ಹೂ ಬಿಡುತ್ತದೆ. ಟನ್ನುಗಟ್ಟಲೆ ಭಾರವಿರುವ ಅದನ್ನು ದೂರ ಸಾಗಿಸುವ ವೆಚ್ಚವೇ ಬೆಲೆಯನ್ನು ತಿಂದುಹಾಕುತ್ತದೆ. ಹೀಗಾಗಿ ರೈತನಿಗೆ ಹತ್ತಿರದ ಒಂದೋ ಎರಡೋ ಕಾರ್ಖಾನೆಗಳ ಹೊರತು ಬೇರೆ ಗತಿಯಿಲ್ಲ. ಒಬ್ಬನೇ ಕೊಳ್ಳುವವನು, ಸಾವಿರಾರು ಮಂದಿ ಮಾರುವವರು, ಮಾರುವವರ ಸರಕು ಗಂಟೆಗಂಟೆಗೂ ಕೆಡುವಂಥದ್ದು: ಇಂಥ ಪೇಟೆಯನ್ನು ‘ಮುಕ್ತ’ವೆಂದು ಕರೆಯುವುದು ಶಬ್ದದ ದುರುಪಯೋಗ. ಇಲ್ಲಿ ಅಳತೆಯನ್ನು ಕಾಯುವವನೊಬ್ಬ ಹೊರಗಿನವನು ಇರಲೇಬೇಕು.

ಮೂರು ಅಳತೆಗಳು

ಕಬ್ಬಿನ ಹಣ ನಿರ್ಧಾರವಾಗುವುದು ಮೂರು ಅಳತೆಗಳಿಂದ: ತೂಕ, ಸಕ್ಕರೆಯ ಇಳುವರಿ, ದಿನ. ಈ ಮೂರನ್ನೂ ಅಳೆಯುವವನು ಕೊಳ್ಳುವವನೇ.

ಮೊದಲನೆಯದು ತೂಕ. ಟ್ರ್ಯಾಕ್ಟರು ಕಾರ್ಖಾನೆಯ ಆವರಣದೊಳಗಿನ ವೇಬ್ರಿಜ್ ಮೇಲೆ ಹತ್ತಿ ಇಳಿಯುತ್ತದೆ. ಅಲ್ಲಿ ಬಂದ ಚೀಟಿಯೇ ಅಂತಿಮ. ಎರಡು ಟ್ರೇಲರುಗಳಲ್ಲಿ 20 ಟನ್ ಕಬ್ಬು ಬಂತೆಂದೂ ಕಾಟಾ ನೂರಕ್ಕೆ ಎರಡರಷ್ಟು ಕಡಿಮೆ ತೋರಿಸಿತೆಂದೂ ಭಾವಿಸಿದರೆ ಹೋದದ್ದು 400 ಕಿಲೋ. 2025-26ರ ಹಂಗಾಮಿಗೆ ಕೇಂದ್ರ ಸರ್ಕಾರ ನಿಗದಿಪಡಿಸಿದ ಕನಿಷ್ಠ ಮಟ್ಟದ ದರ, ಅಂದರೆ ಶೇಕಡಾ 9.5 ಅಥವಾ ಅದಕ್ಕಿಂತ ಕಡಿಮೆ ಇಳುವರಿಗೆ ಕ್ವಿಂಟಲಿಗೆ 329 ರೂಪಾಯಿ 5 ಪೈಸೆಯಂತೆ, ಒಂದು ಗಾಡಿಗೆ 1,316 ರೂಪಾಯಿ. ಅದೇ ಲೆಕ್ಕದಲ್ಲಿ ದಿನಕ್ಕೆ 5,000 ಟನ್ ನುರಿಸುವ ಕಾರ್ಖಾನೆಗೆ 100 ದಿನಗಳ ಹಂಗಾಮಿನಲ್ಲಿ ಪುಕ್ಕಟೆಯಾಗಿ ಸಿಗುವ ಕಬ್ಬಿನ ಬೆಲೆ 3 ಕೋಟಿ 29 ಲಕ್ಷ ರೂಪಾಯಿ. ಇಷ್ಟು ಹಣ ಒಂದು ಯಂತ್ರದ ಅತಿಸಣ್ಣ ಓಲುವಿಕೆಯಲ್ಲಿ ಅಡಗಬಲ್ಲದು. ಅದರಲ್ಲಿ ನಷ್ಟ ಹೊಂದುವವನು ರೈತನೊಬ್ಬನೇ ಅಲ್ಲ. ಕಬ್ಬು ಕಡಿಯುವ ಕೂಲಿಯವರಿಗೂ ಗಾಡಿಯವನಿಗೂ ಹಣ ಟನ್ನಿನ ಲೆಕ್ಕದಲ್ಲಿಯೇ ಸಂದಾಯವಾಗುತ್ತದೆ. ಒಂದು ಸುಳ್ಳು ತೂಕ ಏಕಕಾಲಕ್ಕೆ ಮೂರು ಮನೆಗಳ ಅನ್ನವನ್ನು ಕದಿಯುತ್ತದೆ. ಎಲ್ಲ ಕಾರ್ಖಾನೆಗಳೂ ಹೀಗೆ ಮಾಡುತ್ತವೆಂದು ಹೇಳುವುದು ಅನ್ಯಾಯವಾದೀತು. ಆದರೆ ಮಾಡಿದವರಾರು, ಮಾಡದವರಾರು ಎಂದು ತಿಳಿಯುವ ಉಪಾಯವೇ ರೈತನಿಗೆ ಇಲ್ಲದಿರುವುದು ಪ್ರಾಮಾಣಿಕ ಕಾರ್ಖಾನೆಗೂ ಬಗೆದ ಅನ್ಯಾಯವೇ. ಕಾರ್ಖಾನೆಯ ಗೇಟಿನ ಹೊರಗೆ ಸರ್ಕಾರಿ ವೇಬ್ರಿಜ್ ಬೇಕೆಂಬುದು ರೈತ ಸಂಘಟನೆಗಳ ಹಳೆಯ ಬೇಡಿಕೆ. ಅದಕ್ಕೆ ದೊರೆತ ಭರವಸೆಗಳೂ ಅಷ್ಟೇ ಹಳೆಯವು.

ಎರಡನೆಯದು ಇಳುವರಿ. ಒಂದು ನೂರು ಕಿಲೋ ಕಬ್ಬಿನಿಂದ ಎಷ್ಟು ಕಿಲೋ ಸಕ್ಕರೆ ದೊರೆಯಿತೆಂಬ ಲೆಕ್ಕವಿದು. 2025-26ರ ಹಂಗಾಮಿನಲ್ಲಿ ಶೇಕಡಾ 10.25ರ ಇಳುವರಿಗೆ ಕ್ವಿಂಟಲಿಗೆ 355 ರೂಪಾಯಿ. ಇಳುವರಿ ಪ್ರತಿ 0.1ರಷ್ಟು ಏರಿದರೆ 3 ರೂಪಾಯಿ 46 ಪೈಸೆ ಹೆಚ್ಚು, ಇಳಿದರೆ, 9.5ರ ಮಟ್ಟ ಮುಟ್ಟುವವರೆಗೆ, ಅಷ್ಟೇ ಕಡಿಮೆ. ಅಂದರೆ ಕಾಗದದ ಮೇಲೆ ಇಳುವರಿಯನ್ನು ಅರ್ಧದಷ್ಟು, ಎಂದರೆ 0.5, ಕಡಿಮೆ ಬರೆದರೆ ರೈತನಿಗೆ ಟನ್ನಿಗೆ 173 ರೂಪಾಯಿ ನಷ್ಟ. 100 ಟನ್ ಕಳಿಸಿದವನಿಗೆ 17,300 ರೂಪಾಯಿ. ಈ ಅಂಕಿಯನ್ನು ತಯಾರಿಸುವುದು ಕಾರ್ಖಾನೆಯ ಪ್ರಯೋಗಾಲಯ. ತೂಕದ ಸುಳ್ಳನ್ನು ಹಳ್ಳಿಯ ರೈತ ಕಣ್ಣಂದಾಜಿನಲ್ಲಿಯಾದರೂ ಸಂದೇಹಿಸಬಲ್ಲ. ಇಳುವರಿಯ ಸುಳ್ಳನ್ನು ಸಂದೇಹಿಸುವುದಕ್ಕೂ ಅವನಿಗೆ ಸಾಧನವಿಲ್ಲ.

ಮೂರನೆಯದು ದಿನ. 1966ರ ಕಬ್ಬು ನಿಯಂತ್ರಣ ಆದೇಶ ಕಬ್ಬು ಪಡೆದ 14 ದಿನಗಳೊಳಗೆ ಹಣ ಕೊಡಬೇಕೆಂದು ವಿಧಿಸಿತು. ತಡವಾದರೆ ವರ್ಷಕ್ಕೆ ಶೇಕಡಾ 15ರ ಬಡ್ಡಿಯನ್ನೂ, ಕೊಡದಿದ್ದರೆ ಭೂಕಂದಾಯದ ಬಾಕಿಯಂತೆ ವಸೂಲಿ ಮಾಡುವ ಅಧಿಕಾರವನ್ನೂ ಸೇರಿಸಲಾಯಿತು. ಓದಲು ಇದಕ್ಕಿಂತ ಸ್ಪಷ್ಟವಾದ ಕಾನೂನು ಬೇಕಿಲ್ಲ. ಕನಿಷ್ಠ ದರದಲ್ಲಿ 100 ಟನ್ ಕಬ್ಬಿನ ಹಣ 3,29,050 ರೂಪಾಯಿ ಆರು ತಿಂಗಳು ನಿಂತರೆ ಬಡ್ಡಿಯೇ ಸುಮಾರು 24,700 ರೂಪಾಯಿ. ಆ ಬಡ್ಡಿ ರೈತನ ಕೈ ಸೇರಿದ ಪ್ರಸಂಗಗಳು ವಿರಳ. ಅಸಲು ಬಂದರೆ ಸಾಕೆಂದು ಅವನು ಸುಮ್ಮನಾಗುತ್ತಾನೆ. ಇತ್ತ ಸಹಕಾರ ಸಂಘದ ಬಡ್ಡಿರಹಿತ ಬೆಳೆಸಾಲವು ಗಡುವಿನೊಳಗೆ ತೀರಿಸಿದವನಿಗೆ ಮಾತ್ರ ಬಡ್ಡಿರಹಿತ. ಕಾರ್ಖಾನೆ ತಡಮಾಡಿದರೆ ರೈತ ಸುಸ್ತಿದಾರನಾಗುತ್ತಾನೆ. ಬ್ಯಾಂಕಿನ ಬಡ್ಡಿಗೆ ಇಲ್ಲದ ಹಣವನ್ನು ಕಾರ್ಖಾನೆಗೆ ಬಡ್ಡಿಯಿಲ್ಲದ ಸಾಲವಾಗಿ ಕೊಟ್ಟವನೂ ಅವನೇ. ಬಡವನು ಶ್ರೀಮಂತನಿಗೆ ಪುಕ್ಕಟೆ ಸಾಲ ಕೊಡುವ ಈ ವ್ಯವಸ್ಥೆಯನ್ನು ಆರ್ಥಿಕ ಬೆಳವಣಿಗೆಯೆಂದು ಕರೆಯುವವರು ಬೆಳೆದದ್ದು ಯಾರೆಂಬುದನ್ನು ಹೇಳಬೇಕು.

ಈ ಮೂರು ಅಳತೆಗಳು ಕೆಟ್ಟುದರ ಫಲವನ್ನು ನಾಡು ಆಗಾಗ ಕಂಡಿದೆ. 2013ರ ನವೆಂಬರಿನಲ್ಲಿ ಬೆಳಗಾವಿಯ ವಿಧಾನಮಂಡಲ ಅಧಿವೇಶನದ ವೇಳೆ, ಕಬ್ಬಿನ ಬೆಲೆಗಾಗಿ ನಡೆದ ಧರಣಿಯಲ್ಲಿ ರೈತನೊಬ್ಬ ವಿಷ ಕುಡಿದು ಪ್ರಾಣ ಬಿಟ್ಟ. 2025ರ ನವೆಂಬರಿನಲ್ಲಿ ಬೆಳಗಾವಿ ಜಿಲ್ಲೆಯ ಗುರ್ಲಾಪುರ ಕ್ರಾಸಿನಲ್ಲಿ ಟನ್ನಿಗೆ 3,500 ರೂಪಾಯಿಗಾಗಿ ಸಾವಿರಾರು ರೈತರು ಹೆದ್ದಾರಿಯಲ್ಲಿ ಕುಳಿತರು. ಕಟಾವು ಸಾಗಣೆ ವೆಚ್ಚ ಬಿಟ್ಟು 3,300 ರೂಪಾಯಿ ಎಂಬ ತೀರ್ಮಾನ ಮುಖ್ಯಮಂತ್ರಿಗಳ ಸಮ್ಮುಖದಲ್ಲಿ ಆಯಿತು, ಅದರಲ್ಲಿ 50 ರೂಪಾಯಿಯನ್ನು ಸರ್ಕಾರದ ಬೊಕ್ಕಸವೇ ಹೊರಬೇಕಾಯಿತು. ವರ್ಷವಿಡೀ ಅಳತೆಯನ್ನು ಕಾಯದ ಸರ್ಕಾರ ಕೊನೆಗೆ ರಸ್ತೆಯ ಮೇಲೆ ಚೌಕಾಸಿಗೆ ಕುಳಿತು ಸಾರ್ವಜನಿಕರ ಹಣದಿಂದ ಶಾಂತಿಯನ್ನು ಕೊಂಡುಕೊಳ್ಳುತ್ತದೆ. ದಿನಗಟ್ಟಲೆ ಕಾರ್ಖಾನೆ ನಿಂತ ನಷ್ಟ ಉದ್ಯಮಿಗೂ ತಪ್ಪುವುದಿಲ್ಲ.

ಉದ್ಯಮಿಯ ಅಹವಾಲು

ನ್ಯಾಯವಾಗಿ ಉದ್ಯಮಿಯ ಮಾತನ್ನೂ ಕೇಳಬೇಕು. ಸಕ್ಕರೆಯ ಕನಿಷ್ಠ ಮಾರಾಟ ಬೆಲೆಯನ್ನು ಕೇಂದ್ರ ಸರ್ಕಾರ 2018ರಲ್ಲಿ ಕಿಲೋಗೆ 29 ರೂಪಾಯಿಯೆಂದು ನಿಗದಿಮಾಡಿ 2019ರ ಫೆಬ್ರವರಿಯಲ್ಲಿ 31 ರೂಪಾಯಿಗೆ ಏರಿಸಿತು. ಮುಂದಿನ ಆರು ವರ್ಷ ಅದು ಕದಲಲಿಲ್ಲ. ಅದೇ ಅವಧಿಯಲ್ಲಿ ಕಬ್ಬಿನ ದರ ಕ್ವಿಂಟಲಿಗೆ 275ರಿಂದ 355 ರೂಪಾಯಿಗೆ ಏರಿತು. ಪೇಟೆಯ ಸಕ್ಕರೆ ಬೆಲೆ ಆ ಕನಿಷ್ಠಕ್ಕಿಂತ ಮೇಲಿದ್ದುದು ನಿಜವಾದರೂ, ಒಂದು ಕೈಯಿಂದ ಏರಿಸಿ ಇನ್ನೊಂದು ಕೈಯಿಂದ ಒತ್ತಿಹಿಡಿಯುವ ನೀತಿಗೆ ಸಮರ್ಥನೆಯಿಲ್ಲ.

ಎಥೆನಾಲಿನ ಕಥೆ ಇನ್ನೂ ಸ್ಪಷ್ಟ. ಕಬ್ಬಿನ ರಸದಿಂದ ಎಥೆನಾಲ್ ತಯಾರಿಸಿರೆಂದು 2018ರಿಂದ ಬಡ್ಡಿಯ ರಿಯಾಯಿತಿ ಕೊಟ್ಟು ಪ್ರೋತ್ಸಾಹಿಸಿದ ಸರ್ಕಾರವೇ 2023ರ ಡಿಸೆಂಬರಿನಲ್ಲಿ, ನುರಿಸುವ ಹಂಗಾಮು ನಡೆಯುತ್ತಿದ್ದಾಗಲೇ, ಕಬ್ಬಿನ ರಸವನ್ನು ಅದಕ್ಕೆ ಬಳಸಬಾರದೆಂದು ತಡೆಯಿತು. ಕೆಲವೇ ದಿನಗಳಲ್ಲಿ ಸ್ವಲ್ಪ ಸಡಿಲಿಸಿತು. 2024ರ ಆಗಸ್ಟಿನಲ್ಲಿ ತಡೆಯನ್ನು ತೆಗೆಯಿತು. ಸಾಲ ಮಾಡಿ ಯಂತ್ರ ಹೂಡಿದವನು ಇಂಥ ಆಜ್ಞೆಗಳ ನಡುವೆ ಮುಂದಿನ ವರ್ಷದ ಲೆಕ್ಕವನ್ನು ಹೇಗೆ ಹಾಕಬೇಕು? ಬಂಡವಾಳ ಹೆದರುವುದು ಕಠಿಣವಾದ ಕಾನೂನಿಗಲ್ಲ, ನಾಳೆ ಏನಾಗುವುದೆಂದು ಹೇಳಲಾಗದ ಕಾನೂನಿಗೆ. ಈ ಅಹವಾಲಿನಲ್ಲಿ ಸತ್ಯವಿದೆ.

ಆದರೆ ಅಹವಾಲಿನ ಇನ್ನೊಂದು ಅರ್ಧ ಸತ್ಯವಲ್ಲ. 1998ರ ಆಗಸ್ಟಿನಲ್ಲಿ ಸಕ್ಕರೆ ಉದ್ಯಮವನ್ನು ಪರವಾನಿಗೆಯ ಕಟ್ಟಿನಿಂದ ಬಿಡಿಸಲಾಯಿತು. 2006ರಲ್ಲಿ ಎರಡು ಕಾರ್ಖಾನೆಗಳ ನಡುವೆ ಕನಿಷ್ಠ 15 ಕಿಲೋಮೀಟರು ಅಂತರವಿರಬೇಕೆಂಬ ತಿದ್ದುಪಡಿ ಬಂತು. ಈ ನಿಯಮ ಕಾಪಾಡುವುದು ಯಾರನ್ನು? ಈಗಾಗಲೇ ಕಾರ್ಖಾನೆ ಇಟ್ಟುಕೊಂಡವನನ್ನು, ಹೊಸ ಸ್ಪರ್ಧಿಯಿಂದ. ರಂಗರಾಜನ್ ಸಮಿತಿ 2012ರಲ್ಲಿ ಅಂತರದ ನಿಯಮವನ್ನು ಕೈಬಿಡಬೇಕೆಂದಿತು; ಸಕ್ಕರೆ ಮತ್ತು ಉಪೋತ್ಪನ್ನಗಳ ಆದಾಯದಲ್ಲಿ ಶೇಕಡಾ 70ರಷ್ಟು ರೈತನಿಗೆ ಸಲ್ಲಬೇಕೆಂದೂ ಹೇಳಿತು. ವ್ಯಾಪಾರಿಯ ಕೈಬಿಡಿಸುವ ಸಲಹೆಯೂ ಅಳತೆ ಸರಿಪಡಿಸುವ ಸಲಹೆಯೂ ಒಂದೇ ವರದಿಯಲ್ಲಿದ್ದವು. ತಮಗೆ ಅನುಕೂಲವಾದವನ್ನು ಉಲ್ಲೇಖಿಸಿ ಉಳಿದುದನ್ನು ಮರೆಯುವ ಚಾತುರ್ಯವನ್ನು ಎಲ್ಲ ಪಕ್ಷಗಳೂ ತೋರಿದವು. ತನ್ನನ್ನು ಕಟ್ಟುವ ನಿಯಮ ಬೇಡ, ತನ್ನನ್ನು ಕಾಯುವ ನಿಯಮ ಬೇಕು ಎನ್ನುವುದು ಸ್ವಾತಂತ್ರ್ಯದ ಬೇಡಿಕೆಯಲ್ಲ. ಅದು ಸವಲತ್ತಿನ ಬೇಡಿಕೆ.

ಬೇಲಿಯೇ ಹೊಲ ಮೇಯ್ದಾಗ

ತಪಾಸಣೆ ಹೆಚ್ಚಿದರೆ ಲಂಚ ಹೆಚ್ಚುತ್ತದೆ, ಅಧಿಕಾರಿಯ ಕೈಗೆ ಕೊಟ್ಟ ಪ್ರತಿಯೊಂದು ಕಲಮು ಒಂದೊಂದು ವಸೂಲಿಯ ಗೇಟು ಎಂಬುದು ವ್ಯಾಪಾರಸ್ಥರ ಬಳಗದಲ್ಲಿ ನಿತ್ಯ ಕೇಳಿಬರುವ ಮಾತು. ಅನುಭವದಿಂದ ಬಂದ ಮಾತಾದುದರಿಂದ ಅದನ್ನು ತಳ್ಳಿಹಾಕುವಂತಿಲ್ಲ. ಆದರೆ ಅದರಿಂದ ತಪಾಸಣೆ ಬೇಡವೆಂಬ ನಿರ್ಣಯ ಹೊರಡುವುದಿಲ್ಲ. ತಪಾಸಣೆ ಗುಟ್ಟಿನಲ್ಲಿ ನಡೆಯಬಾರದೆಂಬ ನಿರ್ಣಯ ಹೊರಡುತ್ತದೆ. ಅಧಿಕಾರಿ ಮತ್ತು ಮಾಲೀಕ ಇಬ್ಬರೇ ಕಂಡ ತೂಕಕ್ಕೆ ಬೆಲೆ ಕಟ್ಟಬಹುದು. ಗೇಟಿನ ಹೊರಗೆ ನೂರು ಮಂದಿ ಕಂಡ ತೂಕಕ್ಕೆ ಬೆಲೆ ಕಟ್ಟಲಾಗದು.

ಇನ್ನೂ ಆಳವಾದ ರೋಗವೊಂದಿದೆ. ಕರ್ನಾಟಕದಲ್ಲಿ ಸಕ್ಕರೆ ಕಾರ್ಖಾನೆಗಳ ಒಡೆತನ ಮತ್ತು ರಾಜಕೀಯ ಅಧಿಕಾರ ಪರಸ್ಪರ ಹೆಣೆದುಕೊಂಡಿರುವುದು ಎಲ್ಲರಿಗೂ ತಿಳಿದ ವಿಷಯ. ಯಾವ ಪಕ್ಷ ಅಧಿಕಾರಕ್ಕೆ ಬಂದರೂ ಕಾರ್ಖಾನೆಯವರು ಸದನದ ಎರಡೂ ಬದಿಗಳಲ್ಲಿರುತ್ತಾರೆ. ಸಹಕಾರಿ ಕಾರ್ಖಾನೆಯಾದರೆ ಈ ರೋಗ ತಗಲದೆಂದು ಹಿಂದಿನವರು ನಂಬಿದ್ದರು. ರೈತನೇ ಷೇರುದಾರ, ರೈತನೇ ಮಾಲೀಕ ಎಂಬ ಆ ಆದರ್ಶ ಉದಾತ್ತವಾದುದೇ. ಆದರೆ ಆಡಳಿತ ಮಂಡಳಿಯ ಚುನಾವಣೆ ರಾಜಕೀಯದ ಮೊದಲ ಮೆಟ್ಟಿಲಾದಾಗ ಲೆಕ್ಕಪತ್ರಗಳ ಶಿಸ್ತು ಸಡಿಲವಾಯಿತು. ರಾಜ್ಯದ ಅನೇಕ ಸಹಕಾರಿ ಕಾರ್ಖಾನೆಗಳು ಸಾಲದಲ್ಲಿ ಮುಳುಗಿದವು, ಕೆಲವು ಖಾಸಗಿಯವರಿಗೆ ಗುತ್ತಿಗೆಯಾದವು. ಹಳ್ಳಿಖೇಡದ ಕಾರ್ಖಾನೆಯೂ ಸಾಲದ ಭಾರದಿಂದ ಹಂಗಾಮುಗಳನ್ನೇ ಕಳೆದುಕೊಂಡಾಗ ಸುತ್ತಲಿನ ರೈತರು ಕಬ್ಬನ್ನು ದೂರದ ಕಾರ್ಖಾನೆಗಳಿಗೆ ಸಾಗಿಸಬೇಕಾಯಿತು. ಅಲ್ಲಿ ಕೊರತೆಯಾದದ್ದು ಬಂಡವಾಳವಷ್ಟೇ ಅಲ್ಲ. ಕಾಲಕಾಲಕ್ಕೆ ಲೆಕ್ಕ ಕೇಳುವ ನಿಷ್ಠುರ ಕೈ. ಒಡೆತನ ಯಾರದೇ ಇರಲಿ, ಅಳೆಯುವವನೂ ಅಳೆಯಿಸಿಕೊಳ್ಳುವವನೂ ಒಬ್ಬನೇ ಆಗಿದ್ದರೆ ಫಲ ಒಂದೇ.

ಗಣಿಯ ಪಾಠ, ಅಮೆರಿಕದ ಪಾಠ

ಅಳತೆಯನ್ನು ಕಾಯದಿದ್ದರೆ ಬೆಳವಣಿಗೆಗೇ ಏನಾಗುತ್ತದೆಂಬುದನ್ನು ಇದೇ ರಾಜ್ಯ ಇನ್ನೊಂದು ಉದ್ಯಮದಲ್ಲಿ ಕಂಡಿತು. ಬಳ್ಳಾರಿಯ ಕಬ್ಬಿಣದ ಅದಿರಿಗೆ ವಿದೇಶದಲ್ಲಿ ಬೇಡಿಕೆ ಏರಿದಾಗ ಪರವಾನಿಗೆ, ಗಡಿಕಲ್ಲು, ಲಾರಿಯ ತೂಕ ಎಲ್ಲವೂ ಹೆಸರಿಗೆ ಮಾತ್ರ ಉಳಿದವು. ಲೋಕಾಯುಕ್ತ ಎನ್. ಸಂತೋಷ ಹೆಗ್ಡೆಯವರು 2011ರ ಜುಲೈ 27ರಂದು ಸಲ್ಲಿಸಿದ ವರದಿ ರಾಜ್ಯಕ್ಕೆ 16,085 ಕೋಟಿ ರೂಪಾಯಿ ನಷ್ಟವಾಗಿದೆಯೆಂದಿತು. ಎರಡೇ ದಿನಗಳಲ್ಲಿ ಸರ್ವೋಚ್ಚ ನ್ಯಾಯಾಲಯ ಬಳ್ಳಾರಿಯ ಗಣಿಗಾರಿಕೆಯನ್ನು ನಿಲ್ಲಿಸಿತು. ಆಗಸ್ಟಿನಲ್ಲಿ ತುಮಕೂರು, ಚಿತ್ರದುರ್ಗಗಳಿಗೂ ತಡೆ ವಿಸ್ತರಿಸಿತು. ಕಳ್ಳನ ಜೊತೆ ಸಾಚಾ ಗಣಿಯೂ ನಿಂತಿತು. ಲಾರಿಯ ಕಂತು ಕಟ್ಟುತ್ತಿದ್ದವನೂ ಕೂಲಿಯವನೂ ಬೀದಿಗೆ ಬಂದರು. ನಿತ್ಯದ ಸಣ್ಣ ನಿಯಂತ್ರಣವನ್ನು ಬಿಟ್ಟುದರಿಂದ ಒಮ್ಮೆಲೇ ಎಲ್ಲವನ್ನೂ ಮುಚ್ಚುವ ಮಹಾ ನಿಯಂತ್ರಣ ಅನಿವಾರ್ಯವಾಯಿತು.

ಮುಂದೆ ನಡೆದುದು ಇನ್ನೂ ಬೋಧಪ್ರದ. 2013ರ ಏಪ್ರಿಲಿನಲ್ಲಿ ನ್ಯಾಯಾಲಯ ಅತಿಗಂಭೀರ ಅಕ್ರಮವೆಸಗಿದ ಗುತ್ತಿಗೆಗಳನ್ನು ರದ್ದುಮಾಡಿ, ಉಳಿದವುಗಳಿಗೆ ಪುನಶ್ಚೇತನ ಯೋಜನೆಯನ್ನೂ ವರ್ಷಕ್ಕೆ ಒಟ್ಟು 3 ಕೋಟಿ ಟನ್ನಿನ ಮಿತಿಯನ್ನೂ ವಿಧಿಸಿತು. ಮಾರಾಟ ಬಹಿರಂಗ ಇ-ಹರಾಜಿನಲ್ಲಿ ನಡೆಯಿತು. ಆ ಮಿತಿ 2017ರಲ್ಲಿ 3.5 ಕೋಟಿ ಟನ್ನಿಗೆ, 2022ರಲ್ಲಿ 5 ಕೋಟಿ ಟನ್ನಿಗೆ ಏರಿತು. ಮಿತಿಯೊಳಗೆ, ಲೆಕ್ಕದೊಳಗೆ, ಹಗಲಿನಲ್ಲಿ ಉದ್ಯಮ ಮತ್ತೆ ಬೆಳೆಯಿತು.

ಸಕ್ಕರೆಯ ವಿಷಯದಲ್ಲಿ ಹೊರದೇಶದ ಒಂದು ನಿದರ್ಶನವಂತೂ ಕೊಡಂಬಲದ ರೈತನಿಗೆ ತನ್ನ ಊರಿನದೇ ಎನಿಸಬಹುದು. ಅಮೆರಿಕದಲ್ಲಿ ಒಂದೇ ಕೂಟ ಸಕ್ಕರೆ ಶುದ್ಧೀಕರಣದ ಬಹುಪಾಲನ್ನು ಹಿಡಿದಿತ್ತು. ಏಕಸ್ವಾಮ್ಯ ತಡೆಯುವ ಶರ್ಮನ್ ಕಾಯಿದೆ 1890ರಲ್ಲಿಯೇ ಬಂದಿದ್ದರೂ 1895ರಲ್ಲಿ ಅಲ್ಲಿನ ಸರ್ವೋಚ್ಚ ನ್ಯಾಯಾಲಯ ಆ ಕೂಟವನ್ನು ಕಾಯಿದೆಯ ಹಿಡಿತದಿಂದ ಹೊರಗಿಟ್ಟಿತು. ಹನ್ನೆರಡು ವರ್ಷಗಳ ಬಳಿಕ, 1907ರಲ್ಲಿ, ಬ್ರೂಕ್ಲಿನ್ನಿನ ಹಡಗುಕಟ್ಟೆಯ ತೂಕದ ಯಂತ್ರಗಳಲ್ಲಿ ತೆಳ್ಳನೆಯ ಉಕ್ಕಿನ ತಂತಿ ತೂರಿಸಿ, ಆಮದಾದ ಕಚ್ಚಾ ಸಕ್ಕರೆಯ ತೂಕವನ್ನು ತಗ್ಗಿಸಿ ಸುಂಕ ತಪ್ಪಿಸುತ್ತಿದ್ದುದು ಬಯಲಾಯಿತು. 1909ರಲ್ಲಿ ಕೂಟ 20 ಲಕ್ಷ ಡಾಲರಿಗೂ ಮಿಕ್ಕಿ ತೆರಬೇಕಾಯಿತು. ಅಷ್ಟು ದೊಡ್ಡ ಸಂಸ್ಥೆ ಒಂದು ತಂತಿಯ ಎಳೆಗೆ ಇಳಿಯಿತು! ಸಂಪತ್ತು ಬೆಳೆದಂತೆ ಸಣ್ಣ ಕಳ್ಳತನದ ಅಗತ್ಯ ತಾನಾಗಿ ಇಲ್ಲವಾಗುತ್ತದೆಂಬ ನಂಬಿಕೆಗೆ ಇತಿಹಾಸದಲ್ಲಿ ಆಧಾರವಿಲ್ಲ.

ಕಲ್ಯಾಣದ ನೆಲ, ಶ್ರಾವಕನ ವ್ರತ

ವ್ಯಾಪಾರಕ್ಕೆ ಕಟ್ಟಳೆ ಬೇಕೆಂಬುದು ಪಾಶ್ಚಾತ್ಯರಿಂದ ಬಂದ ವಿಚಾರವಲ್ಲ. ಇಂದಿನ ಬಸವಕಲ್ಯಾಣವೇ ಅಂದಿನ ಚಾಲುಕ್ಯರ ಕಲ್ಯಾಣ. ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ ಅಲ್ಲಿದ್ದ ವಿಜ್ಞಾನೇಶ್ವರನು ಯಾಜ್ಞವಲ್ಕ್ಯ ಸ್ಮೃತಿಗೆ ‘ಮಿತಾಕ್ಷರ’ ವ್ಯಾಖ್ಯಾನವನ್ನು ಬರೆದನು. ಸುಳ್ಳು ತೂಕಕ್ಕೆ ದಂಡ, ವ್ಯಾಪಾರಿಗಳು ಕೂಡಿಕೊಂಡು ಬೆಲೆಯನ್ನು ಏರಿಳಿಸಿದರೆ ದಂಡ, ದೇಶೀಯ ಸರಕಿಗೆ ಇಷ್ಟು, ಪರದೇಶದ ಸರಕಿಗೆ ಇಷ್ಟು ಎಂಬ ಲಾಭದ ಪ್ರಮಾಣ, ಇವೆಲ್ಲ ಆ ಸ್ಮೃತಿಯ ವ್ಯವಹಾರಕಾಂಡದ ವಿಷಯಗಳು. ಪರದೇಶದ ಸರಕಿಗೆ ಹೆಚ್ಚಿನ ಲಾಭಾಂಶವನ್ನು ಒಪ್ಪಿರುವುದನ್ನು ಗಮನಿಸಬೇಕು. ಹೆಚ್ಚು ಅಪಾಯ ಹೊತ್ತವನಿಗೆ ಹೆಚ್ಚು ಪ್ರತಿಫಲ ಸಲ್ಲಬೇಕೆಂಬ ವಿವೇಕವೂ, ತಕ್ಕಡಿಯ ವಿಷಯದಲ್ಲಿ ರಿಯಾಯಿತಿ ಇಲ್ಲವೆಂಬ ನಿಷ್ಠುರತೆಯೂ ಅಲ್ಲಿ ಒಟ್ಟಿಗಿವೆ.

ಜೈನ ಆಚಾರ್ಯರು ಗೃಹಸ್ಥನಿಗೆ ವ್ಯಾಪಾರವನ್ನು ನಿಷೇಧಿಸಲಿಲ್ಲ, ವ್ರತದೊಳಗೆ ಇರಿಸಿದರು. ಅಚೌರ್ಯಾಣುವ್ರತದ ಅತಿಚಾರಗಳಲ್ಲಿ ಹೀನಾಧಿಕ ಮಾನೋನ್ಮಾನ, ಅಂದರೆ ಕೊಳ್ಳುವಾಗ ಒಂದು ಅಳತೆ, ಮಾರುವಾಗ ಇನ್ನೊಂದು ಅಳತೆ, ಸ್ಪಷ್ಟವಾಗಿ ಎಣಿಕೆಯಾಗಿದೆ. ರಾಜ್ಯದ ಕಟ್ಟಳೆಯನ್ನು ಮೀರಿ ಗಳಿಸುವ ವಿರುದ್ಧರಾಜ್ಯಾತಿಕ್ರಮವೂ ಅದೇ ಪಂಕ್ತಿಯಲ್ಲಿದೆ. ಇವು ವ್ಯಾಪಾರದ ಜಾಣ್ಮೆಯೆಂದು ಮನ್ನಿಸಬಹುದಾದ ಲೋಪಗಳಲ್ಲ, ಕಳ್ಳತನದ ಪ್ರಕಾರಗಳು ಎಂಬುದೇ ಆ ವರ್ಗೀಕರಣದ ತಾತ್ಪರ್ಯ. ಪರಿಗ್ರಹ ಪರಿಮಾಣವ್ರತದಲ್ಲಿಯೂ ಒಂದು ಸೂಕ್ಷ್ಮವಿದೆ. ಮಿತಿಯನ್ನು ಮೊದಲೇ ನಿಶ್ಚಯಿಸಿಕೊಳ್ಳಬೇಕು. ಆಸ್ತಿ ಬೆಳೆದ ಮೇಲೆ ಮಿತಿಯನ್ನು ಹಿಗ್ಗಿಸುವುದು ವ್ರತವಲ್ಲ. ಸರ್ಕಾರದ ನಿಯಮಕ್ಕೂ ಇದೇ ಲಕ್ಷಣವಿರಬೇಕು: ಮೊದಲೇ ತಿಳಿದದ್ದು, ಎಲ್ಲರಿಗೂ ಒಂದೇ ಆದದ್ದು, ಹಂಗಾಮಿನ ನಡುವೆ ಬದಲಾಗದ್ದು.

ವ್ರತವಿದ್ದವನಿಗೆ ಕಾನೂನು ಏಕೆ ಎಂದು ಕೇಳುವವರುಂಟು. ವ್ರತ ತನಗೆ ತಾನು ಹಾಕಿಕೊಂಡ ಕಟ್ಟು. ಅದನ್ನು ಪಾಲಿಸುವ ವ್ಯಾಪಾರಿ, ಪಾಲಿಸದವನೊಡನೆ ಪೇಟೆಯಲ್ಲಿ ಸ್ಪರ್ಧಿಸಬೇಕು. ಸುಳ್ಳು ತೂಕದಿಂದ ಹಂಗಾಮಿಗೆ 3 ಕೋಟಿ ಉಳಿಸಿದ ಕಾರ್ಖಾನೆ ಮುಂದಿನ ಹಂಗಾಮಿನಲ್ಲಿ ಸಾಚಾ ಕಾರ್ಖಾನೆಯನ್ನು ನೆಲಕ್ಕೆ ಕೆಡವಬಲ್ಲದು. ಕಾನೂನು ದುರ್ಬಲವಾದಾಗ ಮೊದಲು ಸೋಲುವವನು ರೈತ. ಎರಡನೆಯವನು ಪ್ರಾಮಾಣಿಕ ಉದ್ಯಮಿ. ಆದ್ದರಿಂದ ನೇರವಾದ ತಕ್ಕಡಿಗಾಗಿ ಎಲ್ಲರಿಗಿಂತ ಮೊದಲು ದನಿಯೆತ್ತಬೇಕಾದವರು ವರ್ತಕ ಸಮಾಜದವರೇ. ತಪಾಸಣೆಯ ಕಿರುಕುಳದ ವಿರುದ್ಧ ಸಂಘ ಕಟ್ಟಿ ಮನವಿ ಸಲ್ಲಿಸುವವರು ಸುಳ್ಳು ತೂಕದ ವಿರುದ್ಧ ಒಂದು ಮನವಿಯನ್ನಾದರೂ ಸಲ್ಲಿಸಿದ್ದಾರೆಯೇ ಎಂದು ತಮ್ಮನ್ನು ತಾವೇ ಕೇಳಿಕೊಳ್ಳಬೇಕು.

ಆಗಬೇಕಾದದ್ದು

ಇದಕ್ಕೆ ಹೊಸ ಇಲಾಖೆಯೂ ಬೇಡ, ಅಧಿಕಾರಿಗಳ ದಂಡೂ ಬೇಡ. ಪ್ರತಿ ಕಾರ್ಖಾನೆಯ ಗೇಟಿನ ಹೊರಗೆ ಕಾನೂನು ಮಾಪನಶಾಸ್ತ್ರ ಇಲಾಖೆಯ ಮುದ್ರೆಯುಳ್ಳ ಸಾರ್ವಜನಿಕ ವೇಬ್ರಿಜ್ ಇರಲಿ. ಅಲ್ಲಿಯ ತೂಕವೇ ಹಣ ಪಾವತಿಗೆ ಆಧಾರವಾಗಲಿ. ರೈತ, ಕೂಲಿಯವರ ಮೇಸ್ತ್ರಿ, ಗಾಡಿಯವ ಮೂವರಿಗೂ ಚೀಟಿ ಸಿಗಲಿ. ಇಳುವರಿಯ ಮಾದರಿಯನ್ನು ಕೃಷಿ ವಿಶ್ವವಿದ್ಯಾಲಯದಂಥ ಹೊರಗಿನ ಪ್ರಯೋಗಾಲಯವೊಂದು, ಮುಂಚಿತವಾಗಿ ತಿಳಿಸದೆ, ಪರೀಕ್ಷಿಸಲಿ. ಹದಿನೈದನೆಯ ದಿನ ಹಣ ಬಾರದಿದ್ದರೆ ಬಡ್ಡಿ ರೈತನ ಅರ್ಜಿಗೆ ಕಾಯದೆ ತಾನಾಗಿ ಲೆಕ್ಕಕ್ಕೆ ಸೇರಲಿ. ಯಾವ ಕಾರ್ಖಾನೆಯ ಬಾಕಿ ಎಷ್ಟೆಂಬುದು ಪ್ರತಿ ಗ್ರಾಮ ಪಂಚಾಯಿತಿಯ ಫಲಕದಲ್ಲಿ ತಿಂಗಳಿಗೊಮ್ಮೆ ಪ್ರಕಟವಾಗಲಿ. ಸಕ್ಕರೆ ಕಾರ್ಖಾನೆಯಲ್ಲಿ ಹಿತಾಸಕ್ತಿಯುಳ್ಳ ಜನಪ್ರತಿನಿಧಿ ಕಬ್ಬಿನ ದರ ನಿರ್ಧರಿಸುವ ಸಭೆಯಲ್ಲಿ ಕುಳಿತುಕೊಳ್ಳದಿರಲಿ.

ಪ್ರತಿಯಾಗಿ ಉದ್ಯಮಕ್ಕೆ ಸಲ್ಲಬೇಕಾದದ್ದೂ ಸಲ್ಲಲಿ. ಎಥೆನಾಲು, ರಫ್ತು, ಸಕ್ಕರೆ ಬೆಲೆಗಳ ನೀತಿ ಹಂಗಾಮು ಆರಂಭವಾಗುವ ಮುನ್ನ ಪ್ರಕಟವಾಗಿ ಹಂಗಾಮು ಮುಗಿಯುವವರೆಗೆ ಬದಲಾಗದಿರಲಿ. ಹೊಸ ಕಾರ್ಖಾನೆಗೆ ಅಂತರದ ಗೋಡೆ ಅಡ್ಡಬಾರದಿರಲಿ. ಒಳ್ಳೆಯ ಬೆಲೆಯನ್ನೂ ಹೊತ್ತಿಗೆ ಸರಿಯಾಗಿ ಹಣವನ್ನೂ ಕೊಡುವವನು ರೈತನನ್ನು ಗೆಲ್ಲಲಿ. ಕಬ್ಬು ಎಲ್ಲಿ ನುರಿಯಬೇಕು, ಸಕ್ಕರೆ ಎಂದು ಮಾರಬೇಕು ಎಂಬುದನ್ನು ವ್ಯಾಪಾರಿಯ ವಿವೇಕಕ್ಕೆ ಬಿಟ್ಟುಕೊಟ್ಟು, ತೂಕದ ಮುಳ್ಳನ್ನು ಮಾತ್ರ ಸರ್ಕಾರ ತನ್ನ ಕೈಯಲ್ಲಿ ಬಿಗಿಯಾಗಿ ಹಿಡಿದುಕೊಳ್ಳಲಿ.

ಉದ್ಯಮ ದೊಡ್ಡದಾಗುವುದು ದೋಷವಲ್ಲ. ಬೀದರಿನಂಥ ಜಿಲ್ಲೆಗೆ ಇನ್ನಷ್ಟು ಉದ್ಯಮಗಳು ಬೇಕು, ಇನ್ನಷ್ಟು ದೊಡ್ಡವೂ ಬೇಕು. ಆದರೆ 20 ಟನ್ ಕಬ್ಬು ತಂದವನಿಗೆ 20 ಟನ್ನಿನ ಹಣ ಹದಿನಾಲ್ಕು ದಿನಗಳಲ್ಲಿ ದೊರೆಯದ ಊರಿನಲ್ಲಿ ಮುಂದಿನ ವರ್ಷ ಕಬ್ಬು ನೆಡುವವರು ಕಡಿಮೆಯಾಗುತ್ತಾರೆ. ಕಬ್ಬು ಕಡಿಮೆಯಾದ ಊರಿನಲ್ಲಿ ಎಷ್ಟು ದೊಡ್ಡ ಕಾರ್ಖಾನೆಯ ಚಿಮಣಿಯೂ ಹೊಗೆಯಾಡುವುದಿಲ್ಲ. ನೇರವಾದ ತಕ್ಕಡಿ ರೈತನಿಗೆ ತೋರುವ ದಯೆಯಲ್ಲ, ಕಾರ್ಖಾನೆಯ ಮೇಲೆ ಹೇರುವ ದಂಡವೂ ಅಲ್ಲ. ಅದು ಇಬ್ಬರೂ ನಾಳೆಯೂ ವ್ಯವಹಾರ ಮಾಡುವುದಕ್ಕೆ ಬೇಕಾದ ಮೊದಲ ಬಂಡವಾಳ.